ಏನನ್ನೂ ಹೊರದ ಕಂಬಗಳು

ಹೊಸ ಗೋಡೆಗೆ ಬಳಿದ ಪುಟ್ಟಿಯ ವಾಸನೆ ಮೂಗಿಗೆ ಬಡಿದರೆ ನನಗೆ ಈಗಲೂ ಮೈ ಉರಿಯುತ್ತದೆ. ಮೊನ್ನೆ ಕುಂದಾಪುರದಲ್ಲಿ ಗೆಳೆಯರೊಬ್ಬರ ಗೃಹಪ್ರವೇಶಕ್ಕೆ ಹೋದವನು ಆ ವಾಸನೆಗೇ ಊಟ ಅರ್ಧಕ್ಕೆ ಬಿಟ್ಟು ಎದ್ದೆ. ನೆನಪಾದವರು ನಾವುಂದದಲ್ಲಿ ನಮ್ಮ ಪಕ್ಕದ ಮನೆಯಲ್ಲಿದ್ದ ಪ್ಲಾನ್ ಮಾಮ.

ಮುಂಬೈಯ ಆರ್ಕಿಟೆಕ್ಟ್ ಒಬ್ಬರ ಆಫೀಸಿನಲ್ಲಿ ಮನೆಗಳ ನಕ್ಷೆ ಬರೆಯುತ್ತಿದ್ದವರು ಊರಿಗೆ ಮರಳುವಾಗ ತಂದದ್ದು ಫುಟ್‌ಪಾತಿನಲ್ಲಿ ಕೊಂಡ ಎರಡು ದಪ್ಪ ಇಂಗ್ಲಿಷ್ ಪುಸ್ತಕ. ಒಂದು ಸ್ಕಾಟ್ಲೆಂಡಿನ ಹಳೆಯ ಕಲ್ಲಿನ ಕಟ್ಟಡಗಳ ಚಿತ್ರಗಳದ್ದು, ಇನ್ನೊಂದು ಅವನ್ನು ಕಟ್ಟಿದವರ ವಿಚಾರಗಳದ್ದು. ಗೆದ್ದಲಿಗೆ ಹೆದರಿ ಹಳೆಯ ಪಂಚೆಯಲ್ಲಿ ಸುತ್ತಿ ಇಡುತ್ತಿದ್ದರು. ಬಂದವರೆಲ್ಲ ಚಿತ್ರದ ಪುಸ್ತಕ ತಿರುವಿ ಹಾಕುತ್ತಿದ್ದರು. ಮಾಮನಿಗೆ ಜೀವವಾಗಿದ್ದದ್ದು ಎರಡನೆಯದು.

ಸಂಜೆ ಜಗಲಿಯಲ್ಲಿ ಕೂತು ನನಗೆ ಬಿಡಿಸಿ ಹೇಳುತ್ತಿದ್ದರು. ಗ್ರೀಕರ ಕಂಬಗಳನ್ನು ಆ ಸ್ಕಾಟ್ಲೆಂಡಿನ ಜನ ಸುಮ್ಮನೆ ಎತ್ತಿ ತಂದು ನಿಲ್ಲಿಸಲಿಲ್ಲ. ತಮ್ಮ ಬೂದು ಕಲ್ಲಿಗೆ, ತಮ್ಮ ಮಳೆಗೆ, ಮಂಕು ಬೆಳಕಿಗೆ ಒಗ್ಗಿಸಿಕೊಂಡರು. ಕಂಬದ ಬುಡ ಎಷ್ಟು ದಪ್ಪವೋ ಅದೇ ಅಳತೆ. ಎತ್ತರ, ನಡುವಿನ ಅಂತರ ಎಲ್ಲ ಅದರಿಂದಲೇ ಹುಟ್ಟಬೇಕು. “ನಮ್ಮ್ ಆಚಾರಿ ಕೋಲ್ ಹಿಡ್ದ್ ಮನಿ ಸುತ್ತಳತೆ ತೆಗ್ದ್ ಆಯ ಕಾಂಬುದೂ ಅದೇ ಅಲ್ದಾ?” ಎನ್ನುತ್ತಿದ್ದರು. ಆಗ ಅವರ ಮುಖ ನೋಡಬೇಕಿತ್ತು…

ಅವರಿಗಿದ್ದದ್ದು ಒಂದೇ ಆಸೆ. ಆ ವಿಚಾರವನ್ನು ನಮ್ಮ ಕೆಂಪು ಕಲ್ಲಿಗೆ, ಹಂಚಿನ ಮಾಡಿಗೆ ಒಗ್ಗಿಸಿ ಒಂದು ಮನೆ, ಒಂದೇ ಒಂದು ಮನೆ ಕಟ್ಟಿಸಬೇಕು. ಮುಂಬೈಯಲ್ಲಿ ಹೋಟೆಲಿಟ್ಟಿದ್ದ ಊರಿನ ಸಾಹುಕಾರರೊಬ್ಬರು ಒಪ್ಪಿದರು. ಮಾಮ ಆ ಮಳೆಗಾಲವಿಡೀ ನಕ್ಷೆಯ ಬೋರ್ಡಿನ ಮೇಲೆ ಬಗ್ಗಿಯೇ ಇದ್ದರು. ಗೋಡೆ ಎಷ್ಟು, ಕಿಟಕಿ ಎಷ್ಟು ಎಂದು ಅಳೆದೂ ಸುರಿದೂ ಬರೆದರು. ಸುತ್ತಳತೆಯ ಲೆಕ್ಕದಲ್ಲಿ ಮನೆಗೆ ಶುಭವೆನ್ನುವ ಆಯವೂ ಕೂಡಿ ಬಂತು. ಪುಸ್ತಕದ ಅಳತೆಯ ವಿಚಾರವೆಲ್ಲ ಅದರಲ್ಲಿತ್ತು, ಕಂಬ ಮಾತ್ರ ಇರಲಿಲ್ಲ.

ಸಾಹುಕಾರರು ಚಿತ್ರದ ಪುಸ್ತಕಕ್ಕೆ ಮರುಳಾಗಿದ್ದರು. ಅವರಿಗೆ ಬೇಕಿದ್ದದ್ದೇ ಕಂಬ.

“ಹೊರುಕೆ ಎಂತ ಇಲ್ದೆ ಕಂಬ ಎಂತಕೆ ಮರಾಯ್ರೆ?” ಎಂದರು ಮಾಮ.

“ಚಂದಕ್ಕೆ. ಹೈವೇಗೆ ಕಾಣ್ಕ್,” ಎಂದರು ಸಾಹುಕಾರರು.

ಮನೆಯವರಿಗೆ ತೋರಿಸುತ್ತೇನೆಂದು ಚಿತ್ರದ ಪುಸ್ತಕ ಒಯ್ದರು. ಮತ್ತೆ ನಾವು ಅದರದೊಂದು ಕಂಬದ ಚಿತ್ರ ಕಂಡದ್ದು ಮನೆ ಏಳುತ್ತಿದ್ದ ಜಾಗದಲ್ಲಿ. ಹಾಳೆ ಹರಿದು ಸಿಮೆಂಟು ಶೆಡ್ಡಿನ ತಗಡಿಗೆ ಅಂಟಿಸಿದ್ದರು. ಕಂಟ್ರಾಕ್ಟರ್ ಮಾಮನ ನಕ್ಷೆಗೆ ಮುಂದೊಂದು ಕಂಬಗಳ ಮಂಟಪ ಸೇರಿಸಿದ್ದ. ಸೇರಿಸಿದ್ದೇ ಸುತ್ತಳತೆ ಹೆಚ್ಚಿ ಆಯ ಕೆಟ್ಟಿತು. ಸಾಹುಕಾರರಿಗೆ ಆಯವೂ ಬೇಕು, ಚಿತ್ರವೂ ಬೇಕು. ಕೊನೆಗೆ ಮಂಟಪ ಕೈಬಿಟ್ಟು, ಕಂಬಗಳನ್ನು ಅರ್ಧಕ್ಕೆ ಸೀಳಿದ ಹಾಗೆ ಮಾಡಿ ಗೋಡೆಗೆ ಮೆತ್ತಿ, ಗೋಡೆಯನ್ನು ಅಷ್ಟು ಒಳಕ್ಕೆ ಸರಿಸಿ ಲೆಕ್ಕ ಕೂಡಿಸಿದರು. ಮಾಮ ಅಳೆದಿಟ್ಟ ಕಿಟಕಿಗಳು ಕಂಬಗಳ ನಡುವೆ ಸಿಕ್ಕಿ ಚಿಕ್ಕವಾದವು.

ಗೃಹಪ್ರವೇಶದ ದಿನ ಮಾಮನನ್ನು ಕರೆದು ಶಾಲು ಹೊದೆಸಿದರು. ಮುಂಬೈಯ ನೆಂಟರ ಮುಂದೆ ಸಾಹುಕಾರರು, “ಇದ್ ಪೂರಾ ಇವ್ರದ್ದೇ ಪ್ಲಾನ್. ಸ್ಕಾಟ್ಲೆಂಡ್ ಮಾಡೆಲ್,” ಎಂದರು. ಹಸಿ ಪುಟ್ಟಿಯ ವಾಸನೆಯ ನಡುವೆ ಮಾಮ ಕೈಮುಗಿದು ನಿಂತಿದ್ದರು. ಬೈದು ಓಡಿಸಿದ್ದರೂ ನನಗೆ ಅಷ್ಟು ಸಂಕಟವಾಗುತ್ತಿರಲಿಲ್ಲ.

ಆಮೇಲೆ ಅಂಥದ್ದೇ ಮನೆ ಬೇಕೆಂದು ಬೈಂದೂರಿನಿಂದ, ಬ್ರಹ್ಮಾವರದಿಂದ ಜನ ಬಂದರು. “ನಂಗೆ ಕಣ್ಣ್ ಕಾಂತಿಲ್ಲೆ,” ಎಂದು ಎಲ್ಲರನ್ನೂ ವಾಪಸ್ ಕಳಿಸಿದರು. ಕಣ್ಣಿಗೆ ಏನೂ ಆಗಿರಲಿಲ್ಲ. ಮತ್ತೆ ಒಂದು ಗೆರೆಯನ್ನೂ ಎಳೆಯಲಿಲ್ಲ, ನನ್ನೆದುರು ಆ ಪುಸ್ತಕಗಳ ಮಾತನ್ನೂ ಎತ್ತಲಿಲ್ಲ. ಅವರು ತೀರಿಕೊಂಡ ಮೇಲೆ ಉಳಿದಿದ್ದ ಆ ಎರಡನೆಯ ಪುಸ್ತಕವೂ ಎಲ್ಲಿ ಹೋಯಿತೋ…

ಮೊನ್ನೆ ವಾಪಸ್ ಬರುವಾಗ ಬಸ್ಸಿನಲ್ಲಿ ಪಕ್ಕದ ಸೀಟಿನವರು ಕಿಟಕಿಯಾಚೆ ಸಾಹುಕಾರರ ಕಂಬದ ಮನೆಯತ್ತ ಕೈತೋರಿಸಿ, “ಅದ್ ಕಾಣಿ, ಪ್ಲಾನ್ ಮಾಮ ಕಟ್ಸದ್ ಮನಿ,” ಎಂದರು.

“ಅದಲ್ಲ,” ಎಂದೆ.

“ಹಾಂಗಾರೆ ಯಾವ್ದ್?” ಎಂದು ಕೇಳಿದರು.

ತೋರಿಸಲು ಒಂದೂ ಇರಲಿಲ್ಲ.