ಬೀಳೋದು ಕಲಿಸಿದ ಮೇಷ್ಟ್ರ ಕೇಸು

ನಮ್ಮ ಯಜಮಾನರು ಮೇಷ್ಟ್ರು ಹೌದೋ ಅಲ್ಲವೋ ಎಂಬುದು ಸದ್ಯಕ್ಕೆ ಹೈಕೋರ್ಟಿನಲ್ಲಿದೆ. ಮದುವೆಗೆ ಮುಂಚೆ ನಮ್ಮಪ್ಪ ಒಂದೇ ದಿನ ಚಳ್ಳಕೆರೆಗೆ ಬಂದು, ನಾಲ್ಕು ಜನರನ್ನು ವಿಚಾರಿಸಿ, ಸಂಜೆ ಬಸ್ಸಿಗೆ ಮುಂಚೆ ಇತ್ಯರ್ಥ ಮಾಡಿಕೊಂಡು ಹೋಗಿದ್ದ ವಿಷಯ ಅದು.

ಇವರು ಕಾಲೇಜಿನಲ್ಲಿ ದೈಹಿಕ ಶಿಕ್ಷಣ ನಿರ್ದೇಶಕರು. ಹೆಸರು ಅಷ್ಟುದ್ದ, ಕೆಲಸ ವಿಷಲ್ ಊದಿ ಕಬಡ್ಡಿ ಆಡಿಸುವುದು. ವಿಶ್ವವಿದ್ಯಾಲಯಕ್ಕೆ ಸೇರಿದ ಕಾಲೇಜಾದ್ದರಿಂದ ಅಲ್ಲಿ ಪಾಠ ಮಾಡುವವರಿಗೆ ನಿವೃತ್ತಿ ಅರವತ್ತೆರಡಕ್ಕೆ, ಮಿಕ್ಕವರಿಗೆ ಅರವತ್ತಕ್ಕೆ. ಪರೀಕ್ಷೆ ಹಾಲ್ ಕಾಯುವಾಗ, ಚುನಾವಣೆ ಡ್ಯೂಟಿ ಹಾಕುವಾಗ ಇವರು ಮೇಷ್ಟ್ರ ಸಾಲಿನಲ್ಲಿದ್ದರು. ಮನೆಗೆ ಕಳಿಸುವ ಹೊತ್ತಿಗೆ ಮಿಕ್ಕವರ ಸಾಲಿಗೆ ಎಳೆದು ನಿಲ್ಲಿಸಿದರು. ವಿಷಲ್ ಊದುವವನ ಉಸಿರು ಅರವತ್ತಕ್ಕೇ ತೀರುತ್ತದೆ, ಗಣಿತ ಹೇಳುವವನದು ಇನ್ನೂ ಎರಡು ವರ್ಷ ಬಾಳಿಕೆ ಬರುತ್ತದೆ ಎಂದು ಯಾರು ಅಳೆದು ನೋಡಿದರೋ ಕಾಣೆ.

"ಎರಡು ವರ್ಷ ಹಾಳಾಗ್ಲಿ ಕಣೆ," ಎಂದು ಇವರು ನನ್ನ ಮೇಲೆ ಹಾರಾಡಿದರು. "ಇಷ್ಟು ವರ್ಷ ಹುಡುಗ್ರು ಸಾರ್ ಸಾರ್ ಅಂದಿದ್ದು ಯಾರಿಗೆ? ಗೋಲ್ ಕಂಬಕ್ಕಾ?"

ಬೆಂಗಳೂರಿನ ದೊಡ್ಡ ವಕೀಲರಿಗೆ ಕಾಗದಪತ್ರ ಹೊಂದಿಸಿ ಕಳಿಸುವುದು ನಮ್ಮೂರಿನ ವಕೀಲರು. ಅವರು ಕೇಳಿದ್ದು ಒಂದೇ: "ನೀವು ಕಲಿಸಿದ್ದೀರಿ ಅಂತ ತೋರಿಸ್ರಿ. ತೋರಿಸಿದ್ರೆ ಅರವತ್ತೆರಡು, ಇಲ್ಲಾಂದ್ರೆ ಹಾರ, ಶಾಲು, ಮನೆ." ಬೋರ್ಡಿನ ಮುಂದೆ ನಿಂತ ಒಂದು ಫೋಟೊ ತೆಗೆಸಿ ಎಂದರು. ಇವರು ಸೀಮೆಸುಣ್ಣದಲ್ಲಿ ಕಬಡ್ಡಿ ಅಂಕಣ ಬರೆದು ಪಕ್ಕಕ್ಕೆ ನಿಂತರು. ಫೋಟೊದಲ್ಲಿ ನೋಡಿದರೆ ಬೋರ್ಡು ಕದಿಯಲು ಬಂದು ಸಿಕ್ಕಿಬಿದ್ದವರ ಹಾಗಿದ್ದರು. ಅದು ಬೇಡವೆಂದು, 'ತರಗತಿ ಕೋಣೆಯಲ್ಲಿ ನನಗೆ ಬೋಧಿಸಿರುತ್ತಾರೆ' ಎಂದು ಟೈಪ್ ಮಾಡಿದ ಹಾಳೆ ಕೊಟ್ಟು, ಹಳೆಯ ವಿದ್ಯಾರ್ಥಿಯ ಸಹಿ ತನ್ನಿರೆಂದರು.

ಭಾನುವಾರ ಬುತ್ತಿಗೆ ರೊಟ್ಟಿ, ಶೇಂಗಾ ಚಟ್ನಿ ಕಟ್ಟಿಕೊಂಡು ಮೊಳಕಾಲ್ಮೂರಿನ ಬಸ್ಸು ಹತ್ತಿದೆವು. ಇವರ ಹಳೆಯ ಕಬಡ್ಡಿ ಕ್ಯಾಪ್ಟನ್ ಅಲ್ಲಿ ಮನೆಯಲ್ಲೇ ರೇಷ್ಮೆ ಸೀರೆ ನೇಯುತ್ತಾನೆ. ನಮ್ಮನ್ನು ಕಂಡು ಮಗ್ಗದಿಂದ ಎದ್ದು ಬಂದ. ಮೂಲೆಯಲ್ಲಿ ನೂಲು ಸುತ್ತುತ್ತಿದ್ದ ಅವನ ತಾಯಿ, "ಕೂರ್ಚೋ ತಲ್ಲಿ, ನಿಂತೇ ಮಾತಾಡ್ತೀಯಲ್ಲ," ಎಂದು ತೆಲುಗು ಬೆರೆಸಿ ನನಗೆ ಕೂರಲು ಚಾಪೆ ತೋರಿಸಿದರು.

ಅವನು ಹಾಳೆಯನ್ನು ಎರಡು ಸಲ ಓದಿದ.

"ಸಾರ್, ಬೇಜಾರು ಮಾಡ್ಕಬ್ಯಾಡ್ರಿ. ಕ್ಲಾಸ್ ರೂಮಲ್ಲಿ ನಿಮ್ಮನ್ನ ನೋಡಿದ್ದು ಒಂದೇ ಸಲ. ನಾಯಿ ಒಳಕ್ಕೆ ಬಂದಿತ್ತು, ಓಡ್ಸಕ್ಕೆ ಬಂದಿದ್ರಿ."

ನಾನು ಸೆರಗು ಬಾಯಿಗೆ ಒತ್ತಿಕೊಂಡೆ. ಇವರು ನನ್ನನ್ನು ದುರುಗುಟ್ಟಿ ನೋಡಿದರು.

"ಮೇಷ್ಟ್ರು ಬಸ್ಸಲ್ಲಿ ಬಂದಾರೆ, ಸೈನ್ ಹಾಕ್ರಾ!" ತಾಯಿ ಗದರಿದರು.

"ಸುಳ್ಳಿಗೆ ಹಾಕಲ್ಲವ್ವ. ನಿಜ ಐತಲ್ಲ, ಅದನ್ನೇ ಬರಕೊಡ್ತೀನಿ." ಹಾಳೆ ಮಗುಚಿ ಹಿಂಬದಿಯಲ್ಲಿ ದಪ್ಪಕ್ಷರದಲ್ಲಿ ಬರೆದ: 'ಸಾರ್ ನನಗೆ ಬೀಳೋದು ಕಲಿಸಿದರು. ಬೀಳುವಾಗ ಕೈ ಊರಬಾರದು, ಭುಜ ಕೊಟ್ಟು ಉರುಳಬೇಕು. ಎಷ್ಟೋ ಸಲ ಬಿದ್ದಿದ್ದೇನೆ. ಕೈ ಮುರಿದಿಲ್ಲ. ಆ ಕೈಯಲ್ಲೇ ನೇಯುತ್ತಿದ್ದೇನೆ.'

ವಾಪಸು ಬರುವಾಗ ಬಸ್ಸಿನಲ್ಲಿ ಇವರು ಆ ಹಾಳೆಯನ್ನು ಮಡಚಲಿಲ್ಲ, ಸುಕ್ಕಾಗುತ್ತದೆಂದು ನನ್ನ ಮಡಿಲಲ್ಲೂ ಇಡಲಿಲ್ಲ.

ವಕೀಲರು ಓದಿ ಪಕ್ಕಕ್ಕಿಟ್ಟರು. "ಬೀಳೋದು ಕಲಿಸೋಕೆ ಮೇಷ್ಟ್ರು ಯಾಕ್ರೀ ಬೇಕು? ಅದು ಎಲ್ರಿಗೂ ತಾನಾಗೇ ಬರುತ್ತೆ."

ಕೋರ್ಟಿನಲ್ಲಿ ತಾರೀಖಿನ ಮೇಲೆ ತಾರೀಖು ಬಿತ್ತು. ಇವರಿಗೆ ಅರವತ್ತು ತುಂಬುವುದು ಮಾತ್ರ ಮುಂದಕ್ಕೆ ಹೋಗಲಿಲ್ಲ. ಹಾರ, ಶಾಲಿನ ಜೊತೆಗೆ ಒಂದು ಗೋಡೆ ಗಡಿಯಾರವನ್ನೂ ಕೊಟ್ಟು ಕಳಿಸಿದರು. ನಿನ್ನ ಟೈಮು ಮುಗಿಯಿತು ಎಂದವರೇ ಗಡಿಯಾರ ಕೊಡುವುದು ಯಾವ ಊರಿನ ಮರ್ಯಾದೆಯೋ! ಅದನ್ನು ನಾನಿನ್ನೂ ಮೊಳೆಗೆ ಹಾಕಿಲ್ಲ.

ಇವರ ಜಾಗಕ್ಕೆ ಯಾರನ್ನೂ ನೇಮಿಸಲಿಲ್ಲ. ವಿಷಲ್ ಹೋಗಿ ಗಣಿತದ ಅಧ್ಯಾಪಕರ ಕೊರಳಿಗೆ ಬಿತ್ತು. ಅವರಿಗೆ ಅರವತ್ತೊಂದು, ಇವರಿಗಿಂತ ಒಂದು ವರ್ಷ ದೊಡ್ಡವರು; ಆದರೆ ಪಾಠ ಮಾಡುವವರಲ್ಲವೇ, ಬಾಳಿಕೆ ಜಾಸ್ತಿ. ಎರಡನೇ ವಾರವೇ ಹುಡುಗರಿಗೆ ಕಬಡ್ಡಿ ತೋರಿಸಲು ಹೋಗಿ, ಬಿದ್ದು, ಕೈ ಊರಿದರು.

ಬಲಗೈಗೆ ಪ್ಲಾಸ್ಟರು ಹಾಕಿಸಿಕೊಂಡು ಆಟೋದಲ್ಲಿ ನಮ್ಮ ಮನೆಗೇ ಬಂದರು. "ಸಾರ್ ಅದಾರೇನಮ್ಮಾ?" ಎಂದರು. ಇವರು ಹೊರಗೆ ಬರುತ್ತಲೇ, "ಪಂದ್ಯ ಹತ್ರ ಬಂತು, ಹುಡುಗ್ರು ನೋಡಿ ನೋಡಿ ನಗ್ತಾರೆ. ನೀವು ಬೀಳೋದನ್ನ ಹೆಂಗೆ ಹೇಳ್ಕೊಡ್ತಿದ್ರಿ, ಸಾರ್?"

ಇವರು ಒಳಗಿನಿಂದ ಹಾಸಿಗೆ ಎಳೆದು ತಂದು ನಡುಮನೆಯಲ್ಲಿ ಹಾಸಿದರು. ಪಂಚೆ ಎತ್ತಿ ಕಟ್ಟಿ, ಭುಜ ಕೊಟ್ಟು ಉರುಳಿ ಎದ್ದು ನಿಂತರು. ಆಮೇಲೆ ಅವರನ್ನು ಮಂಡಿಯೂರಿ ಕೂರಿಸಿ, ಪ್ಲಾಸ್ಟರ್ ಕೈಯನ್ನು ಎದೆಗೆ ಒತ್ತಿಸಿ, ಎಡಗಡೆಗೆ ಮೆಲ್ಲಗೆ ಉರುಳಿಸಿದರು.

"ಅರೆ, ನೋವೇ ಆಗ್ಲಿಲ್ಲ!"

"ಗಲ್ಲ ಎದೆಗೆ ಒತ್ಕಳ್ರಿ. ಇನ್ನೊಂದ್ಸಲ."

ನಾನು ಒಗ್ಗರಣೆ ಮಂಡಕ್ಕಿ, ಮಿರ್ಚಿ ಬಜ್ಜಿ ತಂದಿಟ್ಟೆ. ತಟ್ಟೆಯ ಪಕ್ಕಕ್ಕೆ ಒಂದು ಬಿಳಿ ಹಾಳೆಯನ್ನೂ ಇಟ್ಟೆ.

"ಈಗ ನಮ್ಮನೆಯವರು ನಿಮಗೆ ಏನು ಮಾಡಿದ್ರು ಸಾರ್?"

"ಕಲಿಸಿದ್ರಲ್ಲಮ್ಮ," ಎಂದರು, ಬಾಯ್ತುಂಬ ಮಂಡಕ್ಕಿ.

"ಎಲ್ಲಿ?"

"ಇಲ್ಲೇ, ಕೋಣೇಲಿ."

ಅವರು ಹೇಳಿದ ಹಾಗೇ ಬರೆದು ಪೆನ್ನು ಮುಂದೆ ಹಿಡಿದೆ. ಪೆನ್ನು ನೋಡಿದರು, ಪ್ಲಾಸ್ಟರು ನೋಡಿದರು. ಇವರು ಕ್ರೀಡಾ ಪ್ರಮಾಣಪತ್ರಕ್ಕೆ ಇಟ್ಟುಕೊಂಡಿದ್ದ ಹಳೆಯ ಇಂಕ್ ಪ್ಯಾಡು ಒಣಗಿತ್ತು. ಎರಡು ಹನಿ ನೀರು ಬಿಟ್ಟೆ.

"ಎಂಎಸ್ಸಿ ಮಾಡಿ ಹೆಬ್ಬೆಟ್ಟು ಒತ್ತೋ ಕಾಲ ಬಂತಲ್ರಿ," ಎಂದು ನಗುತ್ತಲೇ ಒತ್ತಿದರು.

ವಕೀಲರು ಈ ಸಲ ಪಕ್ಕಕ್ಕಿಡಲಿಲ್ಲ. ನೇಕಾರನ ಹಾಳೆಯನ್ನೂ ಹುಡುಕಿ ತೆಗೆದು ಎರಡನ್ನೂ ಸೇರಿಸಿ ಪಿನ್ ಹೊಡೆದು ಬೆಂಗಳೂರಿಗೆ ಕಳಿಸಿದರು. ಹೆಬ್ಬೆಟ್ಟಿನ ಪಕ್ಕದ ಎಣ್ಣೆ ಕಲೆ ಮಿರ್ಚಿಯದು. ನ್ಯಾಯಾಧೀಶರು ಕೇಳಿದರೆ ಹೇಳಲು ನಾನು ಸಿದ್ಧ.

ತೀರ್ಪು ಇನ್ನೂ ಬಂದಿಲ್ಲ. ಪ್ಲಾಸ್ಟರು ಬಿಚ್ಚಿದ್ದಾರೆ. ಗಣಿತದವರು ಪ್ರತಿ ಬುಧವಾರ ಸಂಜೆ ಬರುತ್ತಾರೆ. ಈಗ ಬಲಗಡೆಗೆ ಬೀಳುವ ಪಾಠ ನಡೆದಿದೆ. ಹಾಸಿಗೆ ಮಡಚಿ ಒಳಗಿಡುವ ಕೆಲಸ ನನ್ನದು.