ಏಳನೇ ಸಾಲಿನ ವಿಭೂತಿ

ಹದಿನೆಂಟು ವರ್ಷಗಳಲ್ಲಿ ಚನಬಸವ್ವ ಕಟ್ಟಿದ್ದು ಬಹಳ, ಕಟ್ಟಿದ್ದನ್ನು ಕಣ್ತುಂಬ ಕಂಡದ್ದು ಕಡಿಮೆ. ನಾಸಿಕದ ಕಾರ್ಖಾನೆ ಗೋಡೆಯಾಗಲಿ, ಮಾಲೇಗಾಂವ್‌ನ ನೀರಿನ ಟಾಕಿಯಾಗಲಿ, ಎದ್ದು ನಿಲ್ಲುವ ಹೊತ್ತಿಗೆ ಅವಳ ಗಂಟುಮೂಟೆ ಮುಂದಿನ ಊರಿನ ಟೆಂಪೋ ಏರಿರುತ್ತಿತ್ತು. ವೈಜಾಪುರದ ಸೋಲಾರ್ ಪ್ಲಾಂಟಿನಲ್ಲಿ ಮಾತ್ರ ಕಲಬುರಗಿ ಕಡೆಯ ಈ ಹೆಂಗಸಿಗೆ ಒಂದು ಮಾತು ಸಿಕ್ಕಿತ್ತು: ಪ್ಲಾಂಟ್ ಚಾಲೂ ಆದ ಮೇಲೆ ಗಾಜು ತೊಳೆಯುವ ತಂಡ ಅವಳ ಕೈಗೆ. ಅಂದರೆ ಇನ್ನು ಒಂದೇ ಊರು. ಮಗಳು ನೀಲಾಂಬಿಕಾಳಿಗೆ ಒಂದೇ ಶಾಲೆ.

ಸುತ್ತಲಿನ ಈರುಳ್ಳಿ ರೈತರೂ ಕಾದಿದ್ದರು. ಅವರ ಪಂಪಿಗೆ ಹಗಲು ಕರೆಂಟ್ ಕೊಡಲೆಂದೇ ಸರ್ಕಾರ ತಂದ ಯೋಜನೆ ಅದು. ರಾತ್ರಿ ಟಾರ್ಚ್ ಹಿಡಿದು, ಹಾವಿಗೆ ಹೆದರುತ್ತ ಹೊಲಕ್ಕೆ ನೀರು ಬಿಡುವುದು ತಪ್ಪುತ್ತಿತ್ತು.

ಆಯುಧಪೂಜೆಯ ಖಂಡೇನವಮಿ ಬಂತು. "ದುಡಿಯೋ ಸಾಮಾನು ಬೋಳು ಇರಬಾರ್ದವ್ವ" ಎಂದು ಚನಬಸವ್ವ, ತನ್ನವರು ನಿಲ್ಲಿಸಿದ ಏಳನೇ ಸಾಲಿನ ಒಂದೊಂದು ಪ್ಯಾನೆಲ್ ಮೇಲೂ ಮೂರು ಬೆರಳಿನಿಂದ ದಪ್ಪಗೆ ವಿಭೂತಿ ಎಳೆದಳು.

ಎರಡು ದಿನ ಕಳೆದು ಪ್ಲಾಂಟಿನ ಪರೀಕ್ಷೆ. ಇಂಜಿನಿಯರ್ ಅತುಲ್ ಬೀದರ್ ಮನೆತನದ ಹುಡುಗ, ನಾಸಿಕದ ಅಂಬಡ್‌ನಲ್ಲಿ ಬೆಳೆದವನು. ಕ್ಯಾಬಿನ್ನಿನ ಪರದೆ ನೋಡಿ ಹೊರಗೆ ಬಂದ.

"ಏಳನೇ ಲೈನ್ ಡೌನ್ ಅದ. ಪ್ಯಾನೆಲ್ ಖರಾಬ್. ಸಂಜಿಗೆ ಬಿಚ್ಚಿ ವಾಪಸ್ ಕಳಿಸೂಣು. ಚಾಲೂ ಮಾಡೋದು ಒಂದ್ ಮಹಿನಾ ಮುಂದ."

ಚನಬಸವ್ವ ಏಳನೇ ಸಾಲಿನ ವಿಭೂತಿಯ ಕಡೆ ತಿರುಗಿ ನೋಡಿದಳು. ಒಂದು ಮೂಲೆಗೆ ನೆರಳು ಬಿದ್ದರೂ ಇಡೀ ಸಾಲು ಸೊರಗುತ್ತದೆ, ಹಕ್ಕಿಯ ಹಿಕ್ಕೆಯನ್ನೂ ಬಿಡಬೇಡಿ ಎಂದು ಅವನೇ ಕಲಿಸಿದ್ದ. ಹಿಕ್ಕೆ ಹೊಲಸು. ವಿಭೂತಿ ಹೊಲಸಲ್ಲ, ಅದಕ್ಕೇ ಅವಳಿಗೆ ಅದು ಹೊಳೆದಿರಲಿಲ್ಲ.

ಜೊತೆಗಾತಿ ಶಾಂತಾಬಾಯಿ ಸೆರಗು ಜಗ್ಗಿದಳು. "ಗಪ್ಪನ ಒರಸಿಬಿಡು. ಹೇಳಿದ್ರ ತಂಡ ನಿನ್ ಕೈಗೆ ಕೊಡ್ತಾನೇನ?"

"ಗಪ್ಪನ ಒರಸಿದ್ರ ಯಾರಿಗೂ ತಿಳಿಯಂಗಿಲ್ಲ, ಬರೋ ವರ್ಷ ನೀ ಗಾಜಿಗೆ ಕುಂಕುಮ ಹಚ್ತಿ" ಎಂದು ಚನಬಸವ್ವ ನೇರ ಅತುಲನ ಮುಂದೆ ನಿಂತಳು. "ಪ್ಯಾನೆಲ್ ಚಲೋ ಅವ ರಿ ಸಾಹೇಬ್ರ. ವಿಭೂತಿ ಹಚ್ಚೀನಿ. ನಾನೇ."

ಅತುಲ್ ಏಳನೇ ಸಾಲಿನವರೆಗೆ ನಡೆದು ನೋಡಿ ಹಣೆ ಹಿಡಿದುಕೊಂಡ. "ಮಾವ್ಶಿ, ಸೂರ್ಯಗ ಅಡ್ಡ ನಿಂತೀರಲ್ಲ! ಈಗ ತೊಳೆದ್ರ ಗಾಜು ಒಡೀತದ. ಬಿಸಿಲು ನೋಡ್ರಿ. ಸಂಜಿತನ ಕಾದ್ರ ಇವತ್ತಿನ ಪರೀಕ್ಷಾ ಹೋತು."

"ತಣ್ಣೀರಿಗೆ ಒಡೀತದ್ರಿ. ಬಿಸಿನೀರಿಗೆ?"

ಸಂಜೆ ಮಕ್ಕಳ ಮೈ ತೊಳೆಯಲು ಹೆಂಗಸರು ಬೆಳಿಗ್ಗೆಯೇ ಬಿಸಿಲಿಗಿಟ್ಟ ಕೊಡಗಳು ಶೆಡ್ಡಿನ ಮುಂದೆ ಸಾಲಾಗಿದ್ದವು. ಚನಬಸವ್ವ ಒಂದು ಕೈ ಗಾಜಿನ ಮೇಲೆ, ಒಂದು ಕೈ ನೀರಿನಲ್ಲಿ ಇಟ್ಟು ಕಾವು ನೋಡಿದಳು. ಹಳೆಯ ಧೋತರ ಅದ್ದಿ, ಹಿಂಡಿ, ಒಂದೊಂದೇ ಪ್ಯಾನೆಲ್ ಒರೆಸುತ್ತ ಹೋದಳು. ಶಾಂತಾಬಾಯಿಯೂ ಗೊಣಗುತ್ತಲೇ ಇನ್ನೊಂದು ಬಟ್ಟೆ ಹಿಡಿದಳು. ಒಂದು ಗಾಜೂ ಸೀಳಲಿಲ್ಲ.

ಪರದೆಯ ಮೇಲೆ ಏಳನೇ ಸಾಲು ಮೆಲ್ಲಗೆ ಏರಿ ಆರು, ಎಂಟರ ಸಮಕ್ಕೆ ನಿಂತಿತು.

"ತೊಳೆಯೋ ತಂಡಕ್ಕ ನೀವೇ ಕಲಿಸ್ರಿ ಮಾವ್ಶಿ," ಅತುಲ್ ನಕ್ಕ. "ಪೂಜಾ ಬಿಡ್ರಿ ಅಂತನೂ ಹೇಳ್ರಿ."

"ಪೂಜಾ ಬಿಡಂಗಿಲ್ರಿ. ಕಂಬಕ್ಕ ಹಚ್ತೀವಿ."

ಪ್ಲಾಂಟ್ ಚಾಲೂ ಆದ ದಿನ ನೀಲಾಂಬಿಕಾಳನ್ನು ಶಾಲೆಗೆ ಬಿಟ್ಟು ಬಂದು ಚನಬಸವ್ವ ಬೇಲಿಯ ಬಳಿ ನಿಂತಳು. ಗಾಜಿನ ಕೆಳಗೆ ಕಂಬಗಳು ಮೂರೆಳೆ ಹೊತ್ತು ನಿಂತಿದ್ದವು. ಆಚೆ, ನಡುಹಗಲಲ್ಲಿ, ಈರುಳ್ಳಿ ಸಾಲಿನೊಳಗೆ ನೀರು ಹರಿದು ಬಂತು. ತಾನು ಕಟ್ಟಿದ್ದು ದುಡಿಯುವುದನ್ನು ಅವಳು ಸಾವಕಾಶವಾಗಿ ನೋಡಿದಳು.