ಪಡುಗೋಡೆಯ ಮಿಶನ್

ನಾನು ಹುಟ್ಟು ಪುಕ್ಕಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ಮುಂದಿನದ್ದು ಯಾರಿಗೂ ಅರ್ಥವಾಗುವುದಿಲ್ಲ. ಬೀಗ ಹಾಕಿ ಗೇಟಿನ ತನಕ ಹೋಗಿ, ಮತ್ತೆ ತಿರುಗಿ ಬಂದು ಬೀಗ ಎಳೆದು ನೋಡುವ ಜಾತಿ. ಇಂಥವನನ್ನು ಉಡುಪಿಯ ಒಂದು ಸಣ್ಣ ನರ್ಸಿಂಗ್ ಹೋಮಿನಲ್ಲಿ ಮ್ಯಾನೇಜರ್ ಎಂದು ಕೂರಿಸಿದ್ದರು. ಮ್ಯಾನೇಜರ್ ಅಂದರೆ ದೊಡ್ಡ ಹೆಸರು ಅಷ್ಟೆ. ಔಷಧಿ ತರಿಸುವುದು, ಪಂಪು ಕೆಟ್ಟರೆ ಜನ ಕರೆಸುವುದು, ಮಳೆಗಾಲಕ್ಕೆ ಮೊದಲು ಹೆಂಚು ಸರಿಮಾಡಿಸುವುದು, ಇದೆಲ್ಲ ನನ್ನ ತಲೆಗೆ.

ಎಂಬತ್ತರ ದಶಕದ ಮೊದಲ ವರ್ಷಗಳಲ್ಲೊಂದು. ಫೆಬ್ರವರಿ ಮುಗಿಯುವ ಮೊದಲೇ ಸೆಕೆ ಶುರುವಾಗಿತ್ತು. ಆಪರೇಷನ್ ಮಾಡುವಾಗ ನಮ್ಮ ಡಾಕ್ಟರ ಹಣೆಯ ಬೆವರು ಒರೆಸುವುದಕ್ಕೆಂದೇ ಒಬ್ಬ ಸಿಸ್ಟರ್ ನಿಲ್ಲಬೇಕಾಗುತ್ತಿತ್ತು. ಒಂದು ದಿನ ಅವರು ಕೈ ತೊಳೆಯುತ್ತ ನನ್ನನ್ನು ಕರೆದು, "ಥಿಯೇಟರಿಗೆ ಒಂದು ಏಸಿ ಹಾಕಿಸಿಬಿಡು ಮಾರಾಯ. ಯಾರಿಂದ ಅಂತ ನೀನೇ ನೋಡು. ನನಗೆ ಪುರುಸೊತ್ತಿಲ್ಲ," ಎಂದರು.

ನೀನೇ ನೋಡು ಎಂಬ ಎರಡು ಮಾತು ಕೇಳಿದರೆ ನನಗೆ ಆ ರಾತ್ರಿ ನಿದ್ದೆಯಿಲ್ಲ. ಅದರಲ್ಲೂ ಆ ವರ್ಷ. ನನ್ನ ಹೆಂಡತಿಗೆ ಆಗ ಆರು ತಿಂಗಳು. ಅದಕ್ಕೆ ಮೊದಲು ಎರಡು ಸಲ ಮಗು ದಕ್ಕಿರಲಿಲ್ಲ, ಎರಡನೆಯದಂತೂ ತಿಂಗಳು ತುಂಬಿದ ಮೇಲೆ ಹೆರಿಗೆಯಲ್ಲೇ ಹೋಗಿತ್ತು. ಈ ಸಲ ಕಾಯುವುದು ಬೇಡ, ಆಪರೇಷನ್ ಮಾಡಿಯೇ ತೆಗೆಯೋಣ ಎಂದು ಡಾಕ್ಟರು ಆಗಲೇ ಹೇಳಿದ್ದರು. ಅಂದರೆ ನಾನು ಯಾರ ಕೈಯಲ್ಲಿ ಮಿಶನ್ ಹಾಕಿಸುತ್ತೇನೋ, ಆ ಮಿಶನ್ನಿನ ಕೆಳಗೆ ಮೇ ಕೊನೆಗೆ ಮಲಗುವವಳು ನನ್ನವಳೇ. ಹೆದರಿದವನ ಮೇಲೆ ಕಪ್ಪೆ ಎಸೆದರು ಎನ್ನುತ್ತಾರಲ್ಲ, ಹಾಗಾಯಿತು ನನ್ನ ಪಾಡು.

ಆಯ್ಕೆ ಇದ್ದದ್ದು ಎರಡೇ. ಒಂದು, ಬೊಂಬಾಯಿಯ ದೊಡ್ಡ ಕಂಪೆನಿ. ಮಂಗಳೂರಿನಲ್ಲಿ ಅವರ ಆಫೀಸಿತ್ತು. ಅವರ ಎಂಜಿನಿಯರು ಕಾರಿನಲ್ಲಿ ಬಂದರು, ಆ ಸೆಕೆಯಲ್ಲೂ ಟೈ ಕಟ್ಟಿಕೊಂಡು. ಥಿಯೇಟರನ್ನು ಬಾಗಿಲಿನಿಂದಲೇ ನೋಡಿ, ಕಿಟಕಿಯ ಜಾಗದಲ್ಲಿ ಮಿಶನ್, ಪಕ್ಕದಲ್ಲೇ ಸ್ವಿಚ್ಚು ಎಂದು ಗೀಟು ಎಳೆದು, ನುಣುಪಾದ ಕಾಗದದ ಪುಸ್ತಕವೊಂದನ್ನು ಕೊಟ್ಟು ಹೋದರು. ಇನ್ನೊಬ್ಬರು ಕಾಪುವಿನ ಸಾಯ್ಬರು. ದುಬಾಯಿಯಲ್ಲಿ ಏಳೆಂಟು ವರ್ಷ ಏಸಿಯದೇ ಕೆಲಸ ಮಾಡಿ ಊರಿಗೆ ಬಂದು, ಹೆದ್ದಾರಿಯ ಪಕ್ಕ ಒಂದೇ ಕೋಣೆಯ ವರ್ಕ್‌ಶಾಪ್ ಇಟ್ಟಿದ್ದರು. ಕಂಪೆನಿಯೂ ಅವರೇ, ಎಂಜಿನಿಯರೂ ಅವರೇ, ಸ್ಕ್ರೂ ತಿರುಗಿಸುವವರೂ ಅವರೇ.

ನಾನು ಒಂದು ವಾರ ಬಸ್ಸಿನಲ್ಲಿ ಅಲೆದೆ. ಮಣಿಪಾಲದ ಒಂದು ಆಫೀಸಿನಲ್ಲಿ ದೊಡ್ಡ ಕಂಪೆನಿಯ ಏಸಿ ಇತ್ತು. ಒಳಗೆ ಕಾಲಿಟ್ಟರೆ ಆಹಾ, ಮೈಯೆಲ್ಲ ತಂಪು. ಆದರೆ ಅಲ್ಲಿನ ಗುಮಾಸ್ತರು ಮೆಲ್ಲ ಹೇಳಿದರು: "ಚೆನ್ನಾಗಿ ಉಂಟು, ಕೆಡದಿದ್ದರೆ. ಕೆಟ್ಟರೆ ಮಂಗಳೂರಿಗೆ ಬರೆಯಬೇಕು, ಅವರು ಬೊಂಬಾಯಿಗೆ ಬರೆಯಬೇಕು. ಹೋದ ಮಳೆಗಾಲ ಪೂರ್ತಿ ನಾವು ಬೀಸಣಿಗೆಯಲ್ಲಿ ಗಾಳಿ ಹಾಕಿಕೊಂಡೆವು." ಕಾರ್ಕಳದ ಒಂದು ಐಸ್‌ಕ್ರೀಮ್ ಅಂಗಡಿಯಲ್ಲಿ ಸಾಯ್ಬರ ಕೆಲಸವಿತ್ತು. ಅಂಗಡಿಯವರು, "ಫೋನ್ ಮಾಡಿದರೆ ಊಟ ಬಿಟ್ಟು ಬರುತ್ತಾರೆ ಮಾರಾಯ್ರೇ," ಎಂದು ಹೊಗಳಿದರು. ನನಗೆ ಅಲ್ಲೂ ಹೆದರಿಕೆಯೇ. ಒಬ್ಬನೇ ಮನುಷ್ಯ. ಜ್ವರ ಬಂದು ಮಲಗಿದರೆ? ಮತ್ತೆ ವೀಸಾ ಬಂದು ದುಬಾಯಿಗೆ ಹಾರಿದರೆ? ದೊಡ್ಡವರು ಬರುವುದಿಲ್ಲ, ಸಣ್ಣವರು ಉಳಿಯುವುದಿಲ್ಲ. ದೇವರೇ, ಯಾರನ್ನು ನಂಬುವುದು?

ಸಾಯ್ಬರು ಜಾಗ ನೋಡಲು ಬಂದ ದಿನ ಚಪ್ಪಲಿ ಬಿಟ್ಟು ಒಳಗೆ ಹೋದರು. ಗೋಡೆ ತಟ್ಟಿ ನೋಡಿದರು, ನೆಲದ ಮೇಲೆ ಕುಕ್ಕರಗಾಲಿನಲ್ಲಿ ಕೂತು ನೋಡಿದರು. ಆಮೇಲೆ ಒಂದು ಪ್ರಶ್ನೆ ಕೇಳಿದರು: "ಇಲ್ಲಿ ಮೂರ್ಛೆ ಬರಿಸಲಿಕ್ಕೆ ಎಂತ ಕೊಡುತ್ತೀರಿ?"

"ಈಥರ್," ಎಂದೆ.

"ಹಾಗಾದರೆ ಸ್ವಿಚ್ಚು ಒಳಗೆ ಬೇಡವೇ ಬೇಡ. ಕಿಡಿ ಹಾರಿದರೆ ಮುಗಿಯಿತು. ಈಥರಿನ ಆವಿ ನೆಲದಲ್ಲೇ ಹರಿಯುತ್ತದೆ, ಮಿಶನ್ ಮೇಲೆ ಇರಲಿ. ಸ್ವಿಚ್ಚು ಹೊರಗೆ ಹಜಾರದಲ್ಲಿ."

ಈಥರ್ ಬಾಟಲಿ ತರಿಸುವವನು ನಾನೇ, ಅದರ ಹತ್ತಿರ ಯಾರೂ ಬೀಡಿ ಹಚ್ಚದಂತೆ ಕಾಯುವವನೂ ನಾನೇ. ಟೈ ಕಟ್ಟಿದವರಿಗೆ ಹೊಳೆಯದ್ದು ಈ ಲುಂಗಿಯ ಮನುಷ್ಯನಿಗೆ ಹೊಳೆಯಿತಲ್ಲ! ಅವತ್ತೇ ನಾನು ತೀರ್ಮಾನ ಮಾಡಿದೆ. ಜೀವನದಲ್ಲಿ ಧೈರ್ಯದಿಂದ ಮಾಡಿದ ತೀರ್ಮಾನ ಎಂದರೆ ಅದೊಂದೇ.

ಮಾರ್ಚಿನಲ್ಲಿ ಮಿಶನ್ ಬಂತು. ಪಶ್ಚಿಮಕ್ಕಿದ್ದ ಪಡುಗೋಡೆಯ ಕೆಂಪು ಮುರಕಲ್ಲು ಕೊರೆದು, ಹೆಂಚಿನ ಮಾಡಿನ ಸ್ವಲ್ಪ ಕೆಳಗೆ ಕೂರಿಸಿದರು. ಮುಂಭಾಗ ಥಿಯೇಟರಿನ ಒಳಗೆ, ಹಿಂಭಾಗ ಹಿತ್ತಲಿನ ಬಾವಿಯ ಕಡೆಗೆ. ಧೂಳು ಬರಬಾರದೆಂದು ಆ ಗೋಡೆಯಲ್ಲೇ ಇದ್ದ ಕಿಟಕಿಗಳನ್ನು ಮೊಳೆ ಹೊಡೆದು ಮುಚ್ಚಿ, ಗಾಜಿಗೆ ಬಿಳಿ ಬಣ್ಣ ಬಳಿದೆವು. ಸಾಯ್ಬರು ಹೋಗುವಾಗ ಮಿಶನ್ನಿನ ಹಿಂಭಾಗ ತೋರಿಸಿ, "ಇದರ ಬೆನ್ನು ಉಸಿರಾಡಬೇಕು, ಗೊತ್ತುಂಟಲ್ಲ? ಒಳಗಿನ ಬಿಸಿ ಎಲ್ಲ ಇಲ್ಲಿಂದ ಹೊರಗೆ ಹೋಗುವುದು. ಮಳೆಗೆ ಮೊದಲು ನಾನೇ ಬಂದು ತಗಡಿನ ಕೊಡೆ ಹಾಕಿಕೊಡುತ್ತೇನೆ," ಎಂದರು. ನಾನು ದೊಡ್ಡದಾಗಿ ತಲೆ ಆಡಿಸಿದೆ.

ಮೇ ಕೊನೆಯ ವಾರ. ಪಡುವಣದಲ್ಲಿ ಮೋಡ ಕಟ್ಟಿತ್ತು, ಗಾಳಿ ಇಲ್ಲ, ಉಟ್ಟ ಬಟ್ಟೆ ಮೈಗೆ ಅಂಟುವ ಸೆಕೆ. ಸೋಮವಾರ ಹೆಂಡತಿಯ ಆಪರೇಷನ್ ಎಂದು ಗೊತ್ತಾಗಿತ್ತು. ಅದರ ಹಿಂದಿನ ಶನಿವಾರ ಮಟ್ಟು ಎಂಬ ಊರಿನಿಂದ ಮಳೆಗಾಲದ ಪರದೆ ಕಟ್ಟುವ ಮುದುಕ ಬಂದ. ನಮ್ಮ ಕಡೆ ಮಳೆ ಬರುವುದು ಪಡುವಣದಿಂದ, ಅಡ್ಡಡ್ಡವಾಗಿ ಹೊಡೆಯುತ್ತದೆ. ಅದಕ್ಕಾಗಿ ಹೆಣೆದ ಮಡಲಿನ ತಟ್ಟಿ, ಅಂದರೆ ತೆಂಗಿನ ಗರಿಯ ಪರದೆ, ಮಾಡಿನಿಂದ ನೆಲದವರೆಗೆ ಪಡುಗೋಡೆಗೆ ಕಟ್ಟುವುದು ಎಲ್ಲ ಮನೆಗಳ ಪದ್ಧತಿ. ಪ್ರತಿ ವರ್ಷ ಅದನ್ನು ಕಟ್ಟುವವನು ಅವನೇ, ಕಟ್ಟಿಸುವವನು ನಾನು. ಅವನು ಏಣಿಯ ಮೇಲಿಂದ ಕೇಳಿದ: "ಈ ಪೆಟ್ಟಿಗೆಯನ್ನು ಎಂತ ಮಾಡುವುದು? ಬಿಟ್ಟು ಕಟ್ಟುವುದಾ?"

ನಾನು ಮೇಲೆ ನೋಡಿದೆ. ಹೊಚ್ಚ ಹೊಸ ಮಿಶನ್, ಬರಿ ಮೈಯಲ್ಲಿ ಮೋಡದ ಕಡೆ ಮುಖ ಮಾಡಿ ನಿಂತಿದೆ. ಸಾಯ್ಬರ ತಗಡಿನ ಕೊಡೆ ಇನ್ನೂ ಬಂದಿಲ್ಲ. ಭಾನುವಾರ ಮಳೆ ಸುರಿದು ನೀರು ಒಳಗೆ ಹೋದರೆ ಸೋಮವಾರ ನನ್ನವಳ ಗತಿ?

"ಬಿಡಬೇಡ! ಅದಕ್ಕೆ ಎರಡು ಪದರ ಹಾಕು, ಬಿಗಿ ಮಾಡಿ ಕಟ್ಟು," ಎಂದು ನಾನೇ ಕೂಗಿದೆ. ಬೆನ್ನು ಉಸಿರಾಡಬೇಕು ಎಂಬ ಮಾತು ನೆನಪಿಗೆ ಬರಲೇ ಇಲ್ಲ. ತಟ್ಟಿ ಕಟ್ಟಿದರೆ ಯಾವುದಾದರೂ ಕೆಡುತ್ತದೆ ಎಂದು ನಮ್ಮೂರಲ್ಲಿ ಹುಟ್ಟಿದವನಿಗೆ ಹೊಳೆಯುವುದಾದರೂ ಹೇಗೆ? ಅವತ್ತು ರಾತ್ರಿ ನಾನು ನಿಶ್ಚಿಂತೆಯಿಂದ ನಿದ್ದೆ ಮಾಡಿದೆ.

ಸೋಮವಾರ ಬೆಳಿಗ್ಗೆ ಒಂಬತ್ತಕ್ಕೆ ಅವಳನ್ನು ಒಳಗೆ ಕರೆದುಕೊಂಡು ಹೋದರು. "ಹೆದರಬೇಡಿ, ಆಯ್ತಾ?" ಎಂದು ಅವಳೇ ನನಗೆ ಧೈರ್ಯ ಹೇಳಿದಳು. ನಾನು ಹಜಾರದಲ್ಲಿ, ಮೆಯಿನ್ ಸ್ವಿಚ್ಚಿನ ಹತ್ತಿರ ಬೆಂಚಿನ ಮೇಲೆ ಕೂತೆ. ಒಳಗಿನಿಂದ ಮಿಶನ್ನಿನ ಗುಂಯ್ ಸದ್ದು ಕೇಳುತ್ತಿತ್ತು. ಒಂದು ಸಲ ಅದು ನಿಂತಿತು. ಮತ್ತೆ ಶುರುವಾಯಿತು. ಮತ್ತೆ ನಿಂತಿತು. ಮೂರನೆಯ ಸಲ ಶುರುವಾಗುವಾಗ ಸದ್ದು ಬದಲಾಗಿತ್ತು, ಕಟಕಟ ಎಂದು ಹಲ್ಲು ಕಡಿದ ಹಾಗೆ. ಆಮೇಲೆ ಬಾಗಿಲಿನ ಸಂದಿಯಿಂದ ವಾಸನೆ ಬಂತು. ಸುಟ್ಟ ವಯರಿನ ವಾಸನೆ.

ಒಳಗೆ ಈಥರ್. ಈಥರಿನ ಮೂರ್ಛೆಯಲ್ಲಿ ಅವಳು. ನಾನು ಎದ್ದು ನಿಂತೆ. ಅಷ್ಟರಲ್ಲಿ ಡಾಕ್ಟರ ಕೂಗು: "ಕರೆಂಟ್ ತೆಗಿ! ಮೆಯಿನ್ ತೆಗಿಯೋ!"

ನೇತುಬಿದ್ದು ಮೆಯಿನ್ ಎಳೆದೆ. ಕಟ್ಟಡವೆಲ್ಲ ಒಮ್ಮೆಲೇ ನಿಶ್ಶಬ್ದವಾಯಿತು. ಸಿಸ್ಟರ್ ಬಾಗಿಲು ಅರ್ಧ ತೆರೆದು ಮುಖ ಹಾಕಿದರು, ಮುಖ ಬಿಳುಚಿತ್ತು. "ಹೊಟ್ಟೆ ತೆರೆದಾಗಿದೆ. ಕತ್ತಲೆ, ಏನೂ ಕಾಣಿಸುತ್ತಿಲ್ಲ. ಹೊರಗಿನಿಂದ ಕಿಟಕಿ ಒಡೆಯಬೇಕಂತೆ, ಬೇಗ!"

ಓಡಿದೆ. ಹಿತ್ತಲಿಗೆ ಹೋಗಿ ನೋಡಿದರೆ ಕಿಟಕಿಯೇ ಇಲ್ಲ. ಇದ್ದದ್ದು ಮಾಡಿನಿಂದ ನೆಲದವರೆಗೆ ಅಚ್ಚುಕಟ್ಟಾಗಿ ಕಟ್ಟಿದ ಮಡಲು. ಮಿಶನ್ ಇದ್ದ ಕಡೆ ಎರಡು ಪದರ, ಬಿಗಿಯಾಗಿ. ಆ ಎರಡು ಪದರದ ಸಂದಿಯಿಂದ ಸಣ್ಣಗೆ ಹೊಗೆ ಬರುತ್ತಿತ್ತು. ನನಗೆ ಆ ಕ್ಷಣವೇ ಎಲ್ಲ ತಿಳಿಯಿತು. ಅಯ್ಯೋ, ನಾನೇ! ಮಿಶನ್ನಿನ ಮೂಗು ಬಾಯಿ ಮುಚ್ಚಿ ಕಟ್ಟಿದವನು ನಾನೇ!

ಬರಿಗೈಯಲ್ಲಿ ಎಳೆದೆ. ಒಣ ಗರಿ ಅಂಗೈ ಸೀಳಿತು. ಕಾಲಿಟ್ಟು ಜಗ್ಗಿದೆ, ಹಲ್ಲಿನಿಂದ ಹುರಿ ಕಚ್ಚಿದೆ. ಅರ್ಧ ಗೋಡೆಯ ತಟ್ಟಿ ನನ್ನ ಮೈಮೇಲೆಯೇ ಬಿತ್ತು. ಎದ್ದು, ಬಾವಿಕಟ್ಟೆಯ ಕಲ್ಲು ಎತ್ತಿಕೊಂಡು ಕಿಟಕಿಯ ಹತ್ತಿರ ಹೋದೆ. ಅಷ್ಟರಲ್ಲಿ ಒಳಗಿನಿಂದ ಡಾಕ್ಟರ ಧ್ವನಿ ಕೇಳಿಸಿತು: "ಸಾಕು, ಬೆಳಕು ಬಂತು. ಒಡೆಯುವುದು ಬೇಡ."

ಕಲ್ಲು ಹಿಡಿದುಕೊಂಡೇ ನಿಂತೆ. ಎಷ್ಟು ಹೊತ್ತೋ ಗೊತ್ತಿಲ್ಲ. ಒಳಗೆ ಸದ್ದಿಲ್ಲ. ಗೊತ್ತಿದ್ದ ದೇವರು ದೈವಗಳಿಗೆಲ್ಲ ಹರಕೆ ಹೇಳಿಕೊಂಡೆ. ಆಮೇಲೆ ಬಿಳಿ ಬಣ್ಣದ ಗಾಜಿನ ಹಿಂದೆ ಮಗು ಅತ್ತಿತು. ಸಿಸ್ಟರ್ ಒಳಗಿನಿಂದಲೇ, "ಹೆಣ್ಣು! ಇಬ್ಬರೂ ಚೆನ್ನಾಗಿದ್ದಾರೆ!" ಎಂದು ಕೂಗಿದರು.

ಆಗ ನಾನು ಏನು ಮಾಡಿದೆ ಗೊತ್ತೇ? ಒಳಗೆ ಓಡಲಿಲ್ಲ. ಡಾಕ್ಟರು ಹೊರಗೆ ಬರುವ ಮೊದಲು ಆ ಮಡಲನ್ನೆಲ್ಲ ಬಾಚಿ, ಎಳೆದುಕೊಂಡು ಹೋಗಿ ಬಾವಿಯ ಆಚೆ ಗೊಬ್ಬರದ ಗುಂಡಿಗೆ ಹಾಕಿದೆ. ಮಗಳ ಮುಖ ನೋಡಿದ್ದು ಅದಾದ ಮೇಲೆ.

ಫೋನ್ ಮಾಡಿದ ಮುಕ್ಕಾಲು ಗಂಟೆಯಲ್ಲಿ ಸಾಯ್ಬರು ಸ್ಕೂಟರಿನಲ್ಲಿ ಬಂದರು. ಏಣಿ ಹತ್ತಿ ಹಿಂಭಾಗ ನೋಡಿದರು. ಮಾಡಿನ ಕೋಲಿನಲ್ಲಿ ಹರಿದ ಹುರಿಯ ತುದಿಗಳು ಇನ್ನೂ ನೇತಾಡುತ್ತಿದ್ದವು. ಮಿಶನ್ನಿನ ತಗಡಿನ ಸಂದಿಯಿಂದ ಅವರು ಗರಿಯ ಚೂರೊಂದನ್ನು ಹೆಕ್ಕಿ ತೆಗೆದರು. ಇನ್ನೊಂದು ತೆಗೆದರು. ಕೆಳಗೆ ಇಳಿದು ನನ್ನ ಅಂಗೈಯ ರಕ್ತ ನೋಡಿದರು.

"ಒಳಗೆ ಯಾರು ಇದ್ದದ್ದು?" ಎಂದು ಕೇಳಿದರು.

"ನನ್ನ ಹೆಂಡತಿ."

"ಯಾ ಅಲ್ಲಾ!" ಎಂದು ತಲೆಗೆ ಕೈ ಇಟ್ಟರು. ಅಷ್ಟರಲ್ಲಿ ಡಾಕ್ಟರು ಬಂದು ಸಾಯ್ಬರ ಮೇಲೆ ಕೆಂಡವಾದರು. "ಎಂತ ಕೆಲಸ ಇದು ನಿನ್ನದು? ಒಂದು ಕಿಡಿ ಹಾರಿದ್ದರೆ ನಾವೆಲ್ಲ ಬೂದಿ! ಯಾಕೆ ಸುಟ್ಟಿತು, ಹೇಳು!"

ಸಾಯ್ಬರು ನನ್ನ ಕಡೆ ತಿರುಗಿದರು. ಸಿಟ್ಟಿನಿಂದಲ್ಲ. ನೀವು ಹೇಳುತ್ತೀರಾ, ನಾನು ಹೇಳಲಾ ಎಂದು ಕೇಳುವ ಹಾಗೆ ಸುಮ್ಮನೆ ಕಾದರು. ಬಾಯಿ ತೆರೆದರೆ ಕೆಲಸ ಹೋಗುತ್ತದೆ. ಅದು ಒಂದು. ಅದಕ್ಕಿಂತ ದೊಡ್ಡದು, ಹೆಂಡತಿಗೆ ಗೊತ್ತಾಗುತ್ತದೆ. ನಾನು ನೆಲ ನೋಡಿದೆ.

"ಕಂಪ್ರೆಸ್ಸರ್ ಬಿಸಿಯಾಗಿದೆ ಡಾಕ್ಟ್ರೇ," ಎಂದರು ಸಾಯ್ಬರು. "ಮಳೆಗೆ ಮೊದಲು ನಾನು ಬಂದು ನೋಡಬೇಕಿತ್ತು. ಬರಲಿಲ್ಲ. ನನ್ನದೇ ತಪ್ಪು."

"ತೆಗೆದುಕೊಂಡು ಹೋಗು ಇದನ್ನು," ಎಂದ ಡಾಕ್ಟರು ನನಗೆ, "ದೊಡ್ಡ ಕಂಪೆನಿಗೆ ಇವತ್ತೇ ಬರೆ. ಹಿಂದಿನವನ ಕೆಲಸ ಸರಿಯಿರಲಿಲ್ಲ ಎಂದೂ ಬರೆ," ಎಂದರು. ಬರೆದೆ. ಮೂರು ಸಲ ಓದಿ ಸಹಿ ಹಾಕಿದೆ. ಆದರೆ ಹೊಸ ಮಿಶನ್ನಿನ ಸ್ವಿಚ್ಚು ಹಜಾರದಲ್ಲೇ ಇರಬೇಕು ಎಂದು ಮಾತ್ರ ಅಡಿಗೆರೆ ಎಳೆದು ಸೇರಿಸಿದೆ.

ಮಾಡಿದ್ದುಣ್ಣೋ ಮಹಾರಾಯ ಎನ್ನುತ್ತಾರೆ. ನಾನು ಮಾಡಿದ್ದನ್ನು ಉಂಡವರು ಸಾಯ್ಬರು. ಆಪರೇಷನ್ ಥಿಯೇಟರನ್ನು ಸುಡಲು ಹೊರಟವ ಎಂಬ ಸುದ್ದಿ ಶಿರ್ವದವರೆಗೆ ಹೋಯಿತು. ಗಲ್ಫ್‌ನವರ ಮನೆಗಳಿಂದ ಅವರಿಗೆ ಬರುತ್ತಿದ್ದ ಕೆಲಸ ನಿಂತಿತು. ಕಾರ್ಕಳದ ಐಸ್‌ಕ್ರೀಮ್ ಅಂಗಡಿಯವರು ಕೂಡ ಬೇರೆಯವರನ್ನು ಕರೆಸಿದರು. ಇದೆಲ್ಲ ನನ್ನ ಕಿವಿಗೆ ಬೀಳುತ್ತಿತ್ತು. ಬೀಳುವಾಗೆಲ್ಲ ನಾನು ಮಗಳನ್ನು ಎತ್ತಿಕೊಂಡು ಹಿತ್ತಲಿಗೆ ಹೋಗುತ್ತಿದ್ದೆ.

ಮರುವರ್ಷ ಒಂದು ಸಂಜೆ, ನಾವು ಮೂವರೂ ಕಟಪಾಡಿಯಲ್ಲಿ ಬಸ್ಸಿಗೆ ಕಾಯುತ್ತಿದ್ದೆವು. ಹೆಂಡತಿಯ ಸೊಂಟದಲ್ಲಿ ಮಗಳು. ಸಾಯ್ಬರು ಎದುರಿನಿಂದ ನಡೆದು ಬಂದರು. ಸ್ಕೂಟರ್ ಇರಲಿಲ್ಲ. ನಮ್ಮನ್ನು ನೋಡಿ ಅವರ ಮುಖ ಅರಳಿತು. "ಇದೇ ಮಗುವಾ ಮಾರಾಯ್ರೇ? ಮಾಷಾ ಅಲ್ಲಾ!" ಎನ್ನುತ್ತ ಮಗಳ ಕೆನ್ನೆ ಮುಟ್ಟಲು ಕೈ ಚಾಚಿದರು.

ನನ್ನ ಹೆಂಡತಿ ಒಂದು ಹೆಜ್ಜೆ ಹಿಂದೆ ಸರಿದು ಮಗುವಿನ ಮುಖಕ್ಕೆ ಸೆರಗು ಮುಚ್ಚಿದಳು. "ಮುಟ್ಟಬೇಡಿ," ಎಂದಳು. "ನಮ್ಮಿಬ್ಬರನ್ನೂ ಕೊಲ್ಲಲಿಕ್ಕೆ ಹೊರಟವರಲ್ವಾ ನೀವು?"

ಚಾಚಿದ ಕೈ ಹಾಗೆಯೇ ನಿಂತಿತು. ಅವರು ನನ್ನ ಕಡೆ ನೋಡಿದರು. ಈ ಸಲವೂ ಕಾದರು.

"ಬಸ್ಸು ಬಂತು, ಹತ್ತು ಹತ್ತು," ಎಂದು ನಾನು ಅವಳ ತೋಳು ಹಿಡಿದು ಎಳೆದೆ. ರಸ್ತೆಯಲ್ಲಿ ಯಾವ ಬಸ್ಸೂ ಇರಲಿಲ್ಲ.